ಹಳೆಯ ಕಾರಿನ ಫ್ಯೂಸ್, ರಿಲೇ ಮತ್ತು ಮಲೆನಾಡ ಮಳೆ

ಕಾರಿನ ವಿದ್ಯುತ್ ಜಾಲದಲ್ಲಿ ತಂತಿ ಸುಡದಂತೆ ಕಾಯುವುದು ಫ್ಯೂಸ್. ಸಣ್ಣ ಕರೆಂಟಿನ ಅಪ್ಪಣೆಯಿಂದ ದೊಡ್ಡ ಕರೆಂಟನ್ನು ಹರಿಸುವುದು, ನಿಲ್ಲಿಸುವುದು ರಿಲೇ. ಹೆಡ್‌ಲೈಟ್, ಹಾರ್ನ್, ವೈಪರ್, ರೇಡಿಯೇಟರ್ ಫ್ಯಾನ್, ಪೆಟ್ರೋಲ್ ಪಂಪ್ ಎಲ್ಲವೂ ಇವುಗಳ ಸುಪರ್ದಿಯಲ್ಲೇ ಇರುವುದರಿಂದ, ಹಳೆಯ ಗಾಡಿಯಲ್ಲಿ ಏನೇ ಕೆಟ್ಟರೂ ಮೊದಲು ಬರುವ ಮಾತು ‘ಫ್ಯೂಸ್ ಹೋಗಿರಬೇಕು ನೋಡಿ’. ಎಷ್ಟೋ ಸಲ ಅದು ನಿಜವೂ ಹೌದು. ಆದರೆ ಫ್ಯೂಸ್ ಸುಮ್ಮನೆ ಹೋಗುವುದು ಅಪರೂಪ. ಬದಲಿಸಿದ ಫ್ಯೂಸ್ ಮರುದಿನವೇ ಹಾರಿದರೆ ಕಾರಣ ಇನ್ನೂ ಗಾಡಿಯಲ್ಲೇ ಕೂತಿದೆ ಎಂದು ತಿಳಿಯಬೇಕು.

ಅಳ್ನಾವರದಿಂದ ಬರುವ ರೈಲುಹಾದಿಯ ಅಂಬೇವಾಡಿ, ಅದಕ್ಕೆ ಅಂಟಿಕೊಂಡ ದಾಂಡೇಲಿ, ಸುತ್ತಲಿನ ಹಳಿಯಾಳ, ಜೊಯಿಡಾ, ಮುಂಡಗೋಡ ಸೀಮೆಯಲ್ಲಿ ಈ ವಿಷಯಕ್ಕೆ ಕೊಂಚ ಹೆಚ್ಚು ತೂಕವಿದೆ. ಮಾರುತಿ 800ರ ತಯಾರಿಕೆ 2014ರಲ್ಲಿ ನಿಂತಿತು, ಓಮ್ನಿಯದು 2019ರಲ್ಲಿ. ಹಳ್ಳಿ ದಾರಿಗೆ ಒಗ್ಗುವ, ಯಾವ ಗ್ಯಾರೇಜಿನಲ್ಲೂ ರಿಪೇರಿಯಾಗುವ ಇಂಥ ಗಾಡಿಗಳನ್ನು ಜನ ಸುಲಭಕ್ಕೆ ಬಿಡುವುದಿಲ್ಲ. ದಾಂಡೇಲಿಗೆ ಕೆಎ 65 ಬರುವ ಮೊದಲಿನ ಕೆಎ 30 ಫಲಕದವೂ ಓಡಾಡುತ್ತವೆ. ಖಾಸಗಿ ಕಾರಿಗೆ 15 ವರ್ಷ ತುಂಬಿದ ಮೇಲೆ ನೋಂದಣಿ ನವೀಕರಿಸಲು ತಪಾಸಣೆಗೆ ಒಯ್ಯಬೇಕು. ಅಲ್ಲಿ ಲೈಟು, ಇಂಡಿಕೇಟರ್, ಹಾರ್ನ್, ವೈಪರ್ ಎಲ್ಲ ಸರಿಯಿರಬೇಕು. ಇನ್ನು ಜೊಯಿಡಾದ ಕಾಡುದಾರಿಯಲ್ಲಿ ಗಾಡಿ ನಿಂತರೆ ಮೊಬೈಲ್ ಸಿಗ್ನಲ್ ಸಿಕ್ಕುವ ಭರವಸೆಯಿಲ್ಲ. ಧಾರವಾಡದ ಅಂಗಡಿಗಳು ದಾಂಡೇಲಿಯಿಂದ ಸುಮಾರು 55 ಕಿ.ಮೀ. ದೂರ. ಹಾಗಾಗಿ ಡ್ಯಾಶ್‌ಬೋರ್ಡಿನ ಕೆಳಗಿನ ಆ ಕಪ್ಪು ಫ್ಯೂಸ್ ಡಬ್ಬಿಯ ಪರಿಚಯ ಗಾಡಿಯವರಿಗೇ ಇದ್ದರೆ ಒಳ್ಳೆಯದು.

ಫ್ಯೂಸ್ ಕಾಯುವುದು ಯಾರನ್ನು

ಫ್ಯೂಸ್ ಇರುವುದು ಬಲ್ಬನ್ನೋ ಮೋಟಾರನ್ನೋ ಉಳಿಸಲು ಎಂಬ ನಂಬಿಕೆ ವ್ಯಾಪಕವಾಗಿದೆ. ಅದು ಉಳಿಸುವುದು ತಂತಿಯನ್ನು. ಒಂದು ತಂತಿ ಬಿಸಿಯಾಗದೆ ಎಷ್ಟು ಆಂಪಿಯರ್ ಹೊರಬಲ್ಲದೋ ಅದಕ್ಕಿಂತ ಕಡಿಮೆ ಅಳತೆಯ ಫ್ಯೂಸನ್ನು ತಯಾರಕರು ಕೂರಿಸಿರುತ್ತಾರೆ. 10 ಆಂಪಿಯರಿನ ಜಾಗಕ್ಕೆ 20ರ ಫ್ಯೂಸ್ ಚುಚ್ಚಿದರೆ, ಅಥವಾ ಸಿಗರೇಟ್ ಪ್ಯಾಕಿನ ಬೇಗಡೆ ಸುತ್ತಿದರೆ, ಮುಂದಿನ ಸಲ ಕರಗುವುದು ಡ್ಯಾಶ್‌ಬೋರ್ಡಿನ ಹಿಂದೆ ಕಣ್ಣಿಗೆ ಕಾಣದ ತಂತಿಯ ಕಂತೆ. ಒಂದು ತಂತಿಯ ಪ್ಲಾಸ್ಟಿಕ್ ಕರಗಿ ಪಕ್ಕದ್ದಕ್ಕೆ ತಾಗಿತೆಂದರೆ, ಹಾರ್ನ್ ಒತ್ತಿದಾಗ ವೈಪರ್ ಆಡುವಂಥ ವಿಚಿತ್ರಗಳು ಶುರುವಾಗುತ್ತವೆ. ಆಮೇಲೆ ಇಡೀ ವೈರಿಂಗ್ ಬದಲಿಸುವುದೊಂದೇ ದಾರಿ.

ಫ್ಯೂಸಿನ ಮೇಲೆ ಬರೆದ ಅಂಕಿಯನ್ನು ಮುಟ್ಟಿದ ಕೂಡಲೇ ಅದು ಹಾರುವುದಿಲ್ಲ. ಈಗಿನ ಬ್ಲೇಡ್ ಫ್ಯೂಸಿನ ಅಂತರರಾಷ್ಟ್ರೀಯ ಮಾನದಂಡದ ಪ್ರಕಾರ, ಅಳತೆಗಿಂತ ಶೇ. 10ರಷ್ಟು ಹೆಚ್ಚು ಕರೆಂಟನ್ನು ಅದು 100 ಗಂಟೆಯಾದರೂ ತಡೆದುಕೊಳ್ಳಬೇಕು. ಶೇ. 35 ಹೆಚ್ಚಾದರೆ 10 ನಿಮಿಷದೊಳಗೆ, ಎರಡು ಪಟ್ಟಾದರೆ 5 ಸೆಕೆಂಡಿನೊಳಗೆ ಕರಗಬೇಕು. ಈ ಲೆಕ್ಕ ಗೊತ್ತಿದ್ದರೆ ಅರ್ಧ ರೋಗ ಕೂತಲ್ಲೇ ತಿಳಿಯುತ್ತದೆ. ಮಳೆಯಲ್ಲಿ ವೈಪರ್ ಹಾಕಿ ಕುಳಗಿ ಊರು ದಾಟುವವರೆಗೆ ಎಲ್ಲ ಸರಿಯಿದ್ದು, ಆಮೇಲೆ ಫ್ಯೂಸ್ ಹಾರಿದರೆ ಅದು ಶಾರ್ಟ್ ಇರಲಾರದು. ವೈಪರ್ ಜೋಡಣೆಯ ಗ್ರೀಸ್ ಒಣಗಿದೆ, ಮೋಟಾರ್ ಏದುಸಿರು ಬಿಡುತ್ತಿದೆ. ಸ್ವಿಚ್ ಹಾಕಿದ ಕ್ಷಣವೇ ಹಾರಿದರೆ ಮಾತ್ರ ತಂತಿ ಎಲ್ಲೋ ಗಾಡಿಯ ಲೋಹದ ಬಾಡಿಗೆ ತಾಗಿದೆ ಎಂದು ಹುಡುಕಬೇಕು.

ಗಾಜು, ಪಿಂಗಾಣಿ, ಬಣ್ಣದ ಬ್ಲೇಡ್

ಅಂಬಾಸಡರಿನಂಥ ಬ್ರಿಟಿಷ್ ಮೂಲದ ಗಾಡಿಗಳಲ್ಲಿ ಗಾಜಿನ ಕೊಳವೆ ಫ್ಯೂಸ್. ಇದರಲ್ಲಿ ಒಂದು ತೊಡಕಿದೆ. ಲೂಕಾಸ್ ಕಂಪನಿಯ ಹಳೆಯ ಪದ್ಧತಿಯಲ್ಲಿ ‘35 ಆಂಪಿಯರ್’ ಎಂದರೆ ಕರಗುವ ಮಟ್ಟ; ಅದು ನಿರಂತರ ಹೊರುವುದು ಅದರ ಅರ್ಧದಷ್ಟನ್ನು, ಸುಮಾರು 17 ಆಂಪಿಯರ್. ಆ ಜಾಗಕ್ಕೆ ಇಂದಿನ ಲೆಕ್ಕದ 35 ಆಂಪಿಯರಿನ ಫ್ಯೂಸ್ ಹಾಕಿದರೆ ರಕ್ಷಣೆ ಅರ್ಧಕ್ಕರ್ಧ ಹೋಯಿತು. ಪ್ರೀಮಿಯರ್ ಪದ್ಮಿನಿಯಂಥ ಫಿಯಟ್ ಮೂಲದವುಗಳಲ್ಲಿ ಎರಡೂ ತುದಿ ಚೂಪಾದ ಪಿಂಗಾಣಿ ಫ್ಯೂಸ್: ಹಳದಿ 5, ಬಿಳಿ 8, ಕೆಂಪು 16, ನೀಲಿ 25 ಆಂಪಿಯರ್. ಇವೆರಡರದ್ದೂ ಮುಖ್ಯ ಕಾಯಿಲೆ ಹಿಡಿಕೆಯದು. ಫ್ಯೂಸ್ ಸರಿಯಿದ್ದರೂ ಅದನ್ನು ಹಿಡಿದ ಹಿತ್ತಾಳೆಯ ನಾಲಗೆ ಸಡಿಲವಾಗಿ, ಹಸಿರುಗಟ್ಟಿ, ಕರೆಂಟು ಅರೆಬರೆ ಹರಿಯುತ್ತದೆ. ಫ್ಯೂಸನ್ನು ಬೆರಳಲ್ಲಿ ತಿರುಗಿಸಿದರೆ ಲೈಟು ಹತ್ತಿತು ಎನ್ನುವುದು ಇದಕ್ಕೇ.

1970ರ ದಶಕದಲ್ಲಿ ಅಮೆರಿಕದ ಲಿಟಲ್‌ಫ್ಯೂಸ್ ಕಂಪನಿ ತಂದ ಚಪ್ಪಟೆ ಬ್ಲೇಡ್ ಫ್ಯೂಸ್ ಈ ಜಂಜಾಟವನ್ನು ಬಹುಮಟ್ಟಿಗೆ ಮುಗಿಸಿತು. ಕಂದು 7.5, ಕೆಂಪು 10, ನೀಲಿ 15, ಹಳದಿ 20, ಬಣ್ಣವಿಲ್ಲದ್ದು 25, ಹಸಿರು 30 ಆಂಪಿಯರ್. ಪಿಂಗಾಣಿಯ ಕೆಂಪಿಗೂ ಬ್ಲೇಡಿನ ಕೆಂಪಿಗೂ ಸಂಬಂಧವಿಲ್ಲ ಎಂಬುದನ್ನು ಗಮನಿಸಿ. ಸಂತೆ ಮಾಲಿನಲ್ಲಿ ಬಣ್ಣ ಸರಿಯಿದ್ದು ಒಳಗಿನ ಲೋಹ ದಪ್ಪವಿರುವ ಫ್ಯೂಸ್‌ಗಳೂ ಬರುತ್ತವೆ. ಹತ್ತಿಪ್ಪತ್ತು ರೂಪಾಯಿ ಹೆಚ್ಚು ಕೊಟ್ಟು ನಂಬಿಕೆಯ ಕಂಪನಿಯದನ್ನೇ ಕೊಳ್ಳುವುದು ಜಾಣತನ.

ಸುಟ್ಟ ಫ್ಯೂಸನ್ನು ಓದುವುದು

ತೆಗೆದ ಫ್ಯೂಸನ್ನು ಎಸೆಯುವ ಮೊದಲು ಬೆಳಕಿಗೆ ಹಿಡಿದು ನೋಡಿ. ಒಳಗಿನ ಲೋಹದ ಕಮಾನು ನಡುವೆ ತೆಳ್ಳಗೆ ಜೋತು ತುಂಡಾಗಿದ್ದು, ಪ್ಲಾಸ್ಟಿಕ್ ಮಾತ್ರ ಸ್ವಚ್ಛವಾಗಿದ್ದರೆ ಹೊರೆ ಸ್ವಲ್ಪವೇ ಹೆಚ್ಚಾಗಿ ನಿಧಾನಕ್ಕೆ ಕರಗಿದೆ. ಲೋಹ ಸಿಡಿದು ಒಳಗೋಡೆಗೆ ಕಪ್ಪು ಮಸಿಯೋ ಬೆಳ್ಳಿಯಂಥ ಲೇಪವೋ ಹತ್ತಿದ್ದರೆ ನೇರ ಶಾರ್ಟ್. ಮೂರನೆಯ ಬಗೆ ಹೆಚ್ಚು ಸತಾಯಿಸುತ್ತದೆ: ಕಮಾನು ಸರಿಯಾಗಿಯೇ ಇದೆ, ಆದರೆ ಬ್ಲೇಡಿನ ಕಾಲು ಕಂದಿದೆ, ಪ್ಲಾಸ್ಟಿಕ್ ಕೆಳಭಾಗದಲ್ಲಿ ಕರಗಿದೆ. ಅಲ್ಲಿ ಬಿಸಿ ಹುಟ್ಟಿದ್ದು ಫ್ಯೂಸಿನೊಳಗಲ್ಲ, ಅದು ಕೂರುವ ಸಾಕೆಟ್ಟಿನಲ್ಲಿ. ಸಡಿಲ ಜೋಡಣೆಯ ತಡೆ ಓಮಿನ ಹತ್ತನೇ ಒಂದು ಭಾಗವಿದ್ದರೂ, 10 ಆಂಪಿಯರ್ ಹರಿದಾಗ 10 ವ್ಯಾಟ್ ಶಾಖ ಆ ಕಿರುಜಾಗದಲ್ಲಿ ಹುಟ್ಟುತ್ತದೆ, 1 ವೋಲ್ಟ್ ಅಲ್ಲೇ ಕಳೆದುಹೋಗುತ್ತದೆ. ಹೊಸ ಫ್ಯೂಸ್ ಎಷ್ಟು ಹಾಕಿದರೂ ಸಾಕೆಟ್ ಬದಲಾಗುವ ತನಕ ಇದೇ ಹಾಡು.

ಕಣ್ಣಿಗೆ ಸರಿಯಾಗಿ ಕಂಡದ್ದನ್ನೂ ನಂಬಬಾರದು. ವರ್ಷಗಟ್ಟಲೆ ಬಿಸಿಯಾಗಿ ತಣಿದ ಲೋಹದಲ್ಲಿ ಕೂದಲೆಳೆಯ ಬಿರುಕು ಬಿದ್ದಿರಬಹುದು. ಗಾಡಿ ಕುಲುಕಿದಾಗ ಕೂಡುತ್ತದೆ, ಬಿಡುತ್ತದೆ. ಬ್ಲೇಡ್ ಫ್ಯೂಸಿನ ತಲೆಯ ಮೇಲೆ ಎರಡು ಪುಟ್ಟ ಲೋಹದ ಚುಕ್ಕೆಗಳಿವೆ. ಟೆಸ್ಟ್ ಲ್ಯಾಂಪಿನ ಕ್ಲಿಪ್ಪನ್ನು ಬಾಡಿಗೆ ಸಿಕ್ಕಿಸಿ, ಕೀ ಆನ್ ಮಾಡಿ, ಮುಳ್ಳನ್ನು ಒಂದೊಂದೇ ಚುಕ್ಕೆಗೆ ಒತ್ತಿ. ಎರಡೂ ಕಡೆ ಬೆಳಗಿದರೆ ಫ್ಯೂಸ್ ಸರಿ. ಒಂದು ಕಡೆ ಮಾತ್ರ ಬೆಳಗಿದರೆ ಹಾರಿದೆ. ಎರಡೂ ಕಡೆ ಇಲ್ಲವೆಂದರೆ ಕರೆಂಟೇ ಅಲ್ಲಿಯವರೆಗೆ ಬಂದಿಲ್ಲ: ಇಗ್ನಿಷನ್ ಸ್ವಿಚ್ಚನ್ನೋ ಬ್ಯಾಟರಿ ಪಕ್ಕದ ಮುಖ್ಯ ಫ್ಯೂಸನ್ನೋ ನೋಡಬೇಕು. ಫ್ಯೂಸ್ ಕೀಳದೆ ನಿಮಿಷದಲ್ಲಿ ಮುಗಿಯುವ ಈ ಪರೀಕ್ಷೆಯನ್ನು ಬಿಟ್ಟು, ಎಲ್ಲ ಫ್ಯೂಸುಗಳನ್ನೂ ಕಿತ್ತು ನೋಡಿ ಮತ್ತೆ ಎಲ್ಲೆಲ್ಲೋ ಚುಚ್ಚುವವರೇ ಹೆಚ್ಚು.

ರಿಲೇ ಒಳಗೆ ಏನಿದೆ

ಅಮೆರಿಕದ ವಿಜ್ಞಾನಿ ಜೋಸೆಫ್ ಹೆನ್ರಿ 1835ರಲ್ಲಿ ರೂಪಿಸಿದ ತತ್ತ್ವ ಇಂದಿಗೂ ಹಾಗೆಯೇ ಇದೆ. ಒಂದು ಸುರುಳಿ, ಅದಕ್ಕೆ ಕರೆಂಟು ಕೊಟ್ಟಾಗ ಸೆಳೆಯಲ್ಪಡುವ ಕಬ್ಬಿಣದ ಪಟ್ಟಿ, ಪಟ್ಟಿಯ ತುದಿಗೆ ಬೆಳ್ಳಿ ಮಿಶ್ರಲೋಹದ ಸಂಪರ್ಕ ಬಿಂದು. ಸುರುಳಿಯ ತಡೆ ಸುಮಾರು 70ರಿಂದ 100 ಓಮ್ ಇರುವುದರಿಂದ 12 ವೋಲ್ಟಿಗೆ ಅದು ಕುಡಿಯುವುದು ಆಂಪಿಯರಿನ ಏಳನೇ ಒಂದು ಭಾಗದಷ್ಟು. ಆದರೆ ಅದರ ಬಿಂದುಗಳು 30 ಆಂಪಿಯರನ್ನು ಹೊರುತ್ತವೆ.

ಜರ್ಮನ್ ಪದ್ಧತಿಯ ರಿಲೇಗಳ ಕೆಳಗೆ ಅಂಕಿಗಳಿರುತ್ತವೆ. 85 ಮತ್ತು 86 ಸುರುಳಿಯ ಎರಡು ತುದಿ. 30 ಬ್ಯಾಟರಿಯಿಂದ ಬರುವ ತಂತಿ. 87 ಲೈಟಿಗೋ ಹಾರ್ನಿಗೋ ಹೋಗುವುದು. 87ಎ ಇದ್ದರೆ ಅದು ರಿಲೇ ಸುಮ್ಮನಿರುವಾಗ 30ಕ್ಕೆ ಕೂಡಿಕೊಂಡಿರುತ್ತದೆ. ಮಾರುತಿ, ಟೊಯೊಟಾದಂಥ ಜಪಾನಿ ಮೂಲದ ಗಾಡಿಗಳಲ್ಲಿ ಈ ಅಂಕಿಗಳು ಇರಲೇಬೇಕೆಂದಿಲ್ಲ. ಅಲ್ಲಿ ಮಲ್ಟಿಮೀಟರ್ ಹಿಡಿದು, ಯಾವ ಎರಡು ಕಾಲುಗಳ ನಡುವೆ ನೂರರ ಆಸುಪಾಸಿನ ಓಮ್ ತೋರುತ್ತದೆಯೋ ಅದು ಸುರುಳಿ ಎಂದುಕೊಂಡು ಮುಂದುವರಿಯಬಹುದು. ಕೆಲವು ರಿಲೇಗಳ ಸುರುಳಿಗೆ ಡಯೋಡ್ ಸೇರಿಸಿರುತ್ತಾರೆ. ಅಂಥದ್ದಕ್ಕೆ ಪ್ಲಸ್ ಮೈನಸ್ ಅದಲುಬದಲು ಮಾಡಿದರೆ ಡಯೋಡ್ ಸುಟ್ಟುಹೋಗುತ್ತದೆ. ಮುಚ್ಚಳದ ಮೇಲಿನ ಚಿತ್ರ ನೋಡದೆ ವೈರ್ ಮುಟ್ಟಿಸಬಾರದು.

‘ಟಕ್’ ಸದ್ದಿನ ಅರ್ಥ

ಹಾರ್ನ್ ಒತ್ತಿದಾಗ ರಿಲೇ ‘ಟಕ್’ ಎಂದರೆ ಸುರುಳಿ, ಸ್ಟೀರಿಂಗಿನ ಗುಂಡಿ, ಅಲ್ಲಿಯವರೆಗಿನ ತಂತಿ ಸರಿಯಿವೆ. ಆದರೂ ಹಾರ್ನ್ ಕೂಗದಿದ್ದರೆ ಉಳಿದದ್ದು ಬಿಂದು, ಫ್ಯೂಸ್, ಹಾರ್ನ್, ಅದರ ಅರ್ಥ್ ಇಷ್ಟೇ. ‘ಟಕ್’ ಬಾರದಿದ್ದರೆ ಹುಡುಕಾಟ ಗುಂಡಿಯ ಕಡೆಗೆ. ಸದ್ದು ಕೇಳಿತೆಂದ ಮಾತ್ರಕ್ಕೆ ರಿಲೇಗೆ ಪೂರ್ತಿ ಪಾಸ್ ಮಾರ್ಕು ಕೊಡುವವರಿದ್ದಾರೆ. ಅದು ತಪ್ಪು. ಪಟ್ಟಿ ಸರಿಯಾಗಿ ಬಡಿಯುತ್ತಿದ್ದರೂ ಬಿಂದು ಸುಟ್ಟು ಕರಿಹಿಡಿದಿದ್ದರೆ ಕರೆಂಟು ದಾಟುವುದಿಲ್ಲ. ಲೈಟ್ ಉರಿಯುವಾಗಲೇ 30 ಮತ್ತು 87ರ ನಡುವೆ ಮೀಟರ್ ಹಿಡಿದು ನೋಡಿ. ಒಳ್ಳೆಯ ರಿಲೇಯಲ್ಲಿ 0.2 ವೋಲ್ಟ್ ಕೂಡ ಕಾಣಬಾರದು.

ಇನ್ನೊಂದು ಸದ್ದು ‘ಕಟಕಟಕಟ’. ಕೀ ತಿರುಗಿಸಿದಾಗ ಸೆಲ್ಫ್ ಎತ್ತದೆ ಹೀಗೆ ಬಡಿದುಕೊಂಡರೆ ರಿಲೇಯನ್ನು ದೂರಬೇಡಿ. ಸೆಲ್ಫ್ ಕರೆಂಟು ಎಳೆದ ಕೂಡಲೇ ಸೊರಗಿದ ಬ್ಯಾಟರಿಯ ವೋಲ್ಟೇಜ್ ಕುಸಿಯುತ್ತದೆ, ರಿಲೇ ಬಿಡುತ್ತದೆ; ಬಿಟ್ಟೊಡನೆ ವೋಲ್ಟೇಜ್ ಏರಿ ಮತ್ತೆ ಹಿಡಿಯುತ್ತದೆ. ಬ್ಯಾಟರಿಯನ್ನೂ ಅದರ ತುದಿಯ ಬಿಳಿ ಪುಡಿಯನ್ನೂ ನೋಡಿಕೊಳ್ಳಿ. ಒಂದೇ ಒಂದು ಗಟ್ಟಿ ‘ಟಕ್’ ಬಂದು ಮೌನವಾದರೆ ಆಗ ಸೊಲೆನಾಯ್ಡನ್ನೋ ಮೋಟಾರನ್ನೋ ಸಂಶಯಿಸಬಹುದು. ಇಂಡಿಕೇಟರ್ ದಡಬಡನೆ ಮಿಟುಕಿದರೂ ಅಷ್ಟೇ: ಫ್ಲ್ಯಾಷರ್ ರಿಲೇಯದ್ದಕ್ಕಿಂತ, ಆ ಬದಿಯ ಒಂದು 21 ವ್ಯಾಟ್ ಬಲ್ಬ್ ಹೋಗಿರುವ ಸಾಧ್ಯತೆಯೇ ಹೆಚ್ಚು.

ದಾರಿಯಲ್ಲಿ ಮಾಡಬಹುದಾದ ಸುಲಭ ಪರೀಕ್ಷೆಯೆಂದರೆ ಅದೇ ನಮೂನೆಯ ಇನ್ನೊಂದು ರಿಲೇಯನ್ನು ಅದಲುಬದಲು ಮಾಡುವುದು. ಫ್ಯಾನಿನ ಜಾಗಕ್ಕೆ ಹಾರ್ನಿನದನ್ನು ಹಾಕಿದಾಗ ಫ್ಯಾನ್ ತಿರುಗಿದರೆ ತೀರ್ಮಾನವಾಯಿತು. ಮೇಲಿನ ಚಿತ್ರ, ಕಾಲುಗಳ ಸಂಖ್ಯೆ, ಆಂಪಿಯರ್ ಮೂರೂ ಹೊಂದಬೇಕು. ಅಣಶಿ ಘಟ್ಟ ಹತ್ತುವಾಗ ರೇಡಿಯೇಟರ್ ಫ್ಯಾನಿನ ರಿಲೇ ಕೈಕೊಟ್ಟು ಬದಲಿ ಸಿಗದಿದ್ದರೆ, ರಿಲೇ ಕಿತ್ತು ಸಾಕೆಟ್ಟಿನ 30 ಮತ್ತು 87ರ ತೂತುಗಳನ್ನು ದಪ್ಪ ತಂತಿಯಿಂದ ಕೂಡಿಸಿ ಫ್ಯಾನನ್ನು ನಿರಂತರ ಓಡಿಸಿಕೊಂಡು ಊರು ಸೇರಬಹುದು. ಆ ತಂತಿಯಲ್ಲಿ ಒಂದು ಫ್ಯೂಸ್ ಇರಲಿ. ಗಾಡಿ ನಿಲ್ಲಿಸಿದ ಮೇಲೆ ಕಿತ್ತಿಡುವುದು ಮರೆತರೆ ಬೆಳಿಗ್ಗೆ ಬ್ಯಾಟರಿ ಇರುವುದಿಲ್ಲ.

ಮೇಜಿನ ಮೇಲೆ ಪರೀಕ್ಷಿಸುವುದಾದರೆ ಬ್ಯಾಟರಿಯ ಎರಡು ವೈರನ್ನು 85, 86ಕ್ಕೆ ಕೊಟ್ಟು, 30 ಮತ್ತು 87ರ ಮೂಲಕ ಒಂದು ಹೆಡ್‌ಲೈಟ್ ಬಲ್ಬ್ ಉರಿಸಿ ನೋಡಬೇಕು. ಮೀಟರಿನ ಕಂಟಿನ್ಯೂಟಿ ‘ಪೀ’ ಎಂದರೆ ಸಾಲದು. ಸುಟ್ಟ ಬಿಂದುವೂ ಮೀಟರಿನ ಅಲ್ಪ ಕರೆಂಟನ್ನು ದಾಟಿಸಿಬಿಡುತ್ತದೆ, 5 ಆಂಪಿಯರಿನ ಬಲ್ಬ್ ಮಾತ್ರ ಅದರ ಬಣ್ಣ ಬಯಲು ಮಾಡುತ್ತದೆ.

ಬಿಸಿಲಲ್ಲಿ ಕೆಡುವ ರಿಲೇ

1998ರಲ್ಲಿ ಭಾರತಕ್ಕೆ ಬಂದ ಹೋಂಡಾ ಸಿಟಿಯ ಪೀಳಿಗೆಯ ಹೋಂಡಾಗಳಲ್ಲಿ ಜಗತ್ತಿನೆಲ್ಲೆಡೆ ಹೆಸರಾದ ಒಂದು ದೋಷವಿದೆ. ಇಂಧನ ಪಂಪಿಗೆ ಕರೆಂಟು ಕೊಡುವ ಮುಖ್ಯ ರಿಲೇಯ ಒಳಗೆ ಬೆಸುಗೆ ಬಿರುಕು ಬಿಡುತ್ತದೆ. ಬೆಳಿಗ್ಗೆ ಗಾಡಿ ಒಂದೇ ಏಟಿಗೆ ಸ್ಟಾರ್ಟ್; ಮಧ್ಯಾಹ್ನ ಬಿಸಿಲಿಗೆ ನಿಲ್ಲಿಸಿ ಬಂದರೆ ಸೆಲ್ಫ್ ತಿರುಗುತ್ತದೆ, ಎಂಜಿನ್ ಹಿಡಿಯುವುದಿಲ್ಲ. ಗಾಜು ಇಳಿಸಿ ಅರ್ಧ ಗಂಟೆ ಕಾದರೆ ಮತ್ತೆ ಸರಿ. ಬಿಸಿಗೆ ಹಿಗ್ಗಿದ ಬಿರುಕು ಬಾಯಿ ಬಿಡುವುದೇ ಕಾರಣ. ರಿಲೇ ತೆರೆದು ಬೆಸುಗೆಗಳನ್ನು ಹೊಸದಾಗಿ ಕರಗಿಸಿದರೆ ವಾಸಿಯಾಗುತ್ತದೆ.

ಪಂಪಿನ ರಿಲೇ ಪರೀಕ್ಷಿಸಲು ಹೇಳುವ ಸಾಮಾನ್ಯ ಉಪಾಯ, ಕೀ ಆನ್ ಮಾಡಿದಾಗ ಹಿಂದಿನ ಸೀಟಿನಡಿ ಎರಡು ಮೂರು ಸೆಕೆಂಡು ‘ಗುಂಯ್’ ಕೇಳುತ್ತದೆಯೇ ಎಂದು ಕಿವಿಗೊಡುವುದು. ಎಂಪಿಎಫ್‌ಐ ಎಂಬ ಇಂಧನ ಇಂಜೆಕ್ಷನ್ ವ್ಯವಸ್ಥೆಯ ಗಾಡಿಗೆ ಮಾತ್ರ ಇದು ಹೊಂದುತ್ತದೆ. ಕಾರ್ಬೊರೇಟರ್ ಇರುವ ಹಳೆಯ 800 ಅಥವಾ ಓಮ್ನಿಯಲ್ಲಿ ಪಂಪನ್ನು ಎಂಜಿನ್ನೇ ನಡೆಸುವುದರಿಂದ ಅಲ್ಲಿ ಕಿವಿಗೊಟ್ಟು ಪ್ರಯೋಜನವಿಲ್ಲ.

ಮಳೆ, ಇಲಿ, ಇರುವೆ

ಹಳಿಯಾಳ, ಮುಂಡಗೋಡದ ಬಯಲಿಗಿಂತ ಜೊಯಿಡಾದ ಘಟ್ಟದಂಚಿನಲ್ಲಿ ಮಳೆ ಬಹಳ ಹೆಚ್ಚು. ಎರಡೂ ಕಡೆ ಓಡಾಡುವ ಗಾಡಿಗೆ ಜೂನ್‌ನಿಂದ ಸೆಪ್ಟೆಂಬರ್ ತನಕ ಒಣಗಲು ಪುರಸೊತ್ತೇ ಇರುವುದಿಲ್ಲ. ಮರದಡಿ ನಿಲ್ಲಿಸಿದ ಗಾಡಿಯ ಮುಂಗಾಜಿನ ಬುಡದ ಜಾಲರಿಯಲ್ಲಿ ತರಗೆಲೆ ತುಂಬಿ, ನೀರು ಹೋಗುವ ತೂತು ಕಟ್ಟುತ್ತದೆ. ನಿಂತ ನೀರು ಒಳಗಿಳಿದು ಡ್ಯಾಶ್‌ಬೋರ್ಡಿನ ಕೆಳಗಿನ ಫ್ಯೂಸ್ ಪೆಟ್ಟಿಗೆಯನ್ನು ಸೇರುತ್ತದೆ. ತಾಮ್ರ ಹಸಿರಾಗುವುದು, ಕೀ ತೆಗೆದರೂ ವೈಪರ್ ಆಡುವುದು, ಒಣಬಿಸಿಲು ಬಂದ ದಿನ ಎಲ್ಲ ತನ್ನಷ್ಟಕ್ಕೆ ಸರಿಯಾಗುವುದು, ಇವೆಲ್ಲ ಆ ನೀರಿನ ಕೆಲಸ. ಮಳೆ ಶುರುವಾಗುವ ಮುಂಚೆ ಜಾಲರಿಯ ಎಲೆ ತೆಗೆದರೆ ಅರ್ಧ ತೊಂದರೆ ತಪ್ಪುತ್ತದೆ. ಫ್ಯೂಸಿನ ಕಾಲುಗಳನ್ನು ಕಾಂಟ್ಯಾಕ್ಟ್ ಕ್ಲೀನರ್‌ನಿಂದ ತೊಳೆದು ಒಣಗಿಸಿ ಕೂರಿಸಬೇಕು. ಮರಳುಕಾಗದದಿಂದ ಉಜ್ಜಿದರೆ ಮೇಲಿನ ಲೇಪವೇ ಹೋಗಿ ಮುಂದಿನ ವರ್ಷ ಇನ್ನೂ ಬೇಗ ಕಿಲುಬು ಹಿಡಿಯುತ್ತದೆ.

ವಾರಗಟ್ಟಲೆ ನಿಂತ ಗಾಡಿಯ ಬಾನೆಟ್ಟಿನಡಿ ಇಲಿಗೆ ಬೆಚ್ಚನೆ ಮನೆ. ಅದು ಕಡಿಯುವುದು ಮೇಲಿನ ಪ್ಲಾಸ್ಟಿಕ್ಕನ್ನು, ಉಳಿದದ್ದನ್ನು ಮಳೆನೀರು ಮುಗಿಸುತ್ತದೆ. ಇರುವೆಯ ಕಾಟ ಅಷ್ಟು ಜನಕ್ಕೆ ಗೊತ್ತಿಲ್ಲ. ಮುಚ್ಚಳ ಸಡಿಲವಾದ ರಿಲೇಯೊಳಗೆ ಹೊಕ್ಕ ಇರುವೆಗಳು ಬಿಂದುಗಳ ನಡುವೆ ಅಪ್ಪಚ್ಚಿಯಾಗಿ ಸಂಪರ್ಕ ತಪ್ಪಿಸುತ್ತವೆ. ಚಾಕುವಿನಿಂದ ಮುಚ್ಚಳ ಎಬ್ಬಿಸಿದರೆ ಕರಿ ಪುಡಿಯ ನಡುವೆ ಕಾಲುಗಳ ತುಣುಕು ಕಾಣುತ್ತದೆ.

ಅರ್ಥ್ ಎಂಬ ಅರ್ಧ ದಾರಿ

ಬ್ಯಾಟರಿಯ ಮೈನಸ್ ಗಾಡಿಯ ಬಾಡಿಗೆ ಸೇರಿರುವುದರಿಂದ ಕರೆಂಟಿನ ವಾಪಸು ದಾರಿ ತಗಡಿನ ಮೂಲಕ. ತಗಡು ತುಕ್ಕು ಹಿಡಿದಲ್ಲಿ ದಾರಿ ಕಡಿಯುತ್ತದೆ. ಎಡ ಇಂಡಿಕೇಟರ್ ಹಾಕಿದರೆ ಹಿಂದಿನ ಬ್ರೇಕ್ ಲೈಟೂ ಮಂದವಾಗಿ ಮಿಟುಕುವುದು, ಹೆಡ್‌ಲೈಟ್ ಹಾಕಿದಾಗ ಹಾರ್ನಿನ ಗಂಟಲು ಕಟ್ಟುವುದು ಇದರ ಗುರುತುಗಳು. ಎಲೆಕ್ಟ್ರಿಷಿಯನ್ ‘ಅರ್ಥ್ ಸಿಗ್ತಿಲ್ಲ’ ಎಂದು ಬ್ಯಾಟರಿಯ ಮೈನಸ್ಸಿನಿಂದ ನೇರ ಒಂದು ವೈರ್ ಎಳೆದು ಬಲ್ಬಿನ ಹೋಲ್ಡರಿಗೆ ಮುಟ್ಟಿಸಿ ನೋಡುವುದು ಅದಕ್ಕೇ. ಫ್ಯೂಸ್, ರಿಲೇ ಎರಡೂ ಸರಿಯಿದ್ದು ಕೆಲಸವಾಗದಿದ್ದರೆ ನೂರಕ್ಕೆ ನೂರು ಇಲ್ಲಿಗೇ ಬರಬೇಕು ಎನ್ನುವಂತಿಲ್ಲ. ಆದರೆ ಹೊಸ ರಿಲೇಗೆ ದುಡ್ಡು ಹಾಕುವ ಮುನ್ನ ನೋಡಲೇಬೇಕಾದ ಜಾಗ ಇದು.

ಹೆಡ್‌ಲೈಟಿನ ಲೆಕ್ಕ

ಎಷ್ಟೋ ಹಳೆಯ ಗಾಡಿಗಳಲ್ಲಿ ಹೆಡ್‌ಲೈಟಿಗೆ ರಿಲೇಯೇ ಇಲ್ಲ. ಪೂರ್ತಿ ಕರೆಂಟು ಸ್ಟೀರಿಂಗ್ ಪಕ್ಕದ ಸ್ವಿಚ್ಚಿನ ಮೂಲಕವೇ ಹಾದುಹೋಗುತ್ತದೆ. 60 ವ್ಯಾಟಿನ ಎರಡು ಬಲ್ಬಿಗೆ 10 ಆಂಪಿಯರ್. ಕಾಡುದಾರಿಗೆ ಬೆಳಕು ಸಾಲದೆಂದು 100 ವ್ಯಾಟಿನವನ್ನು ಹಾಕಿದರೆ ಸುಮಾರು 17 ಆಂಪಿಯರ್. ಮೊದಲು ಫ್ಯೂಸ್ ಹಾರುತ್ತದೆ, ದೊಡ್ಡ ಫ್ಯೂಸ್ ಹಾಕಿದರೆ ಸ್ವಿಚ್ ಕರಗುತ್ತದೆ. ಎದುರಿನವರ ಕಣ್ಣು ಕುಕ್ಕುವುದು, ಕಾನೂನು ಒಪ್ಪದಿರುವುದು ಬೇರೆ ಮಾತು. ಬೆಳಕು ಕಡಿಮೆಯಾದದ್ದು ಬಲ್ಬಿನಿಂದಲ್ಲ, ದಾರಿಯಲ್ಲಿ ವೋಲ್ಟೇಜ್ ಸೋರಿದ್ದರಿಂದ. ವೋಲ್ಟೇಜ್ ಶೇ. 10 ಇಳಿದರೆ ಬೆಳಕು ಶೇ. 30ರಷ್ಟು ಇಳಿಯುತ್ತದೆ. ಬ್ಯಾಟರಿಯಿಂದ ದಪ್ಪ ತಂತಿ, ಅದಕ್ಕೊಂದು ಫ್ಯೂಸ್, ಹೈ ಬೀಮ್ ಮತ್ತು ಡಿಪ್‌ಗೆ ಒಂದೊಂದು ರಿಲೇ ಕೂರಿಸಿದರೆ ಅದೇ 60 ವ್ಯಾಟಿನ ಬಲ್ಬ್ ಬೇರೆಯೇ ಆಗಿ ಉರಿಯುತ್ತದೆ. ಹಳೆಯ ಗಾಡಿಗೆ ಮಾಡಬಹುದಾದ ಖರ್ಚುಗಳಲ್ಲಿ ಇಷ್ಟು ಸಾರ್ಥಕವಾದದ್ದು ಕಡಿಮೆ.

ಶಾರ್ಟ್ ಹುಡುಕುವುದು, ಸೋರಿಕೆ ಹಿಡಿಯುವುದು

ಫ್ಯೂಸ್ ಹಾಕಿದಷ್ಟೂ ಹಾರುತ್ತಿದ್ದರೆ ಅದರ ಜಾಗಕ್ಕೆ ಎರಡು ತಂತಿಗಳ ಮೂಲಕ 21 ವ್ಯಾಟಿನ ಬಲ್ಬನ್ನು ಸೇರಿಸಿ. ಶಾರ್ಟ್ ಇರುವ ತನಕ ಬಲ್ಬ್ ಪೂರ್ತಿ ಉರಿಯುತ್ತದೆ, ತಂತಿಗೆ ಅಪಾಯವಿಲ್ಲ. ಆಮೇಲೆ ಆ ಫ್ಯೂಸಿಗೆ ಸೇರಿದ ಒಂದೊಂದೇ ಕನೆಕ್ಟರ್ ಬಿಚ್ಚುತ್ತ, ತಂತಿಯ ಕಂತೆಯನ್ನು ಅಲುಗಿಸುತ್ತ ಹೋಗಬೇಕು. ಬಲ್ಬ್ ಎಲ್ಲಿ ಮಂದವಾಯಿತೋ ದೋಷ ಅಲ್ಲಿದೆ. ಹಿಂಬಾಗಿಲ ಕೀಲು, ರಬ್ಬರ್ ತೂತು ಸವೆದ ಫೈರ್‌ವಾಲ್, ಯಾರೋ ಸ್ಟೀರಿಯೊ ಹಾಕುವಾಗ ಟೇಪ್ ಸುತ್ತಿ ಬಿಟ್ಟ ಕೂಡುಗಳು ಮೊದಲು ನೋಡಬೇಕಾದ ಜಾಗಗಳು.

ರಾತ್ರಿ ಕಳೆಯುವಷ್ಟರಲ್ಲಿ ಬ್ಯಾಟರಿ ಇಳಿಯುವುದು ಇದರ ತಮ್ಮ. ಎಲ್ಲ ಆಫ್ ಮಾಡಿ, ಬ್ಯಾಟರಿಯ ಮೈನಸ್ ಬಿಚ್ಚಿ, ನಡುವೆ ಮೀಟರನ್ನು ಆಂಪಿಯರಿಗೆ ಇಟ್ಟು ಸೇರಿಸಿದರೆ 50 ಮಿಲಿಆಂಪಿಯರಿಗಿಂತ ಹೆಚ್ಚು ತೋರಬಾರದು. ಮೀಟರ್ ಸೇರಿಸಿರುವಾಗ ಕೀ ಮುಟ್ಟಬಾರದು, ಮೀಟರಿನ ಒಳ ಫ್ಯೂಸ್ ಹೋಗುತ್ತದೆ. ಅರ್ಧ ಆಂಪಿಯರ್ ಸೋರಿದರೆ ದಿನಕ್ಕೆ 12 ಆಂಪಿಯರ್-ಗಂಟೆ. 800ರ 35 ಆಂಪಿಯರ್-ಗಂಟೆಯ ಬ್ಯಾಟರಿ ಎರಡು ದಿನದಲ್ಲಿ ಸೆಲ್ಫ್ ಎತ್ತದಾಗುತ್ತದೆ. ಮೀಟರ್ ನೋಡುತ್ತ ಒಂದೊಂದೇ ಫ್ಯೂಸ್ ಕೀಳಿ. ಯಾವುದನ್ನು ಕಿತ್ತಾಗ ಅಂಕಿ ಬೀಳುತ್ತದೆಯೋ ಆ ದಾರಿಯಲ್ಲಿ ಸೋರಿಕೆ. ಬಿಂದು ಬೆಸೆದುಕೊಂಡ ರಿಲೇಯೂ ಹೀಗೆ ಮಾಡುತ್ತದೆ: ಮುಟ್ಟಿದರೆ ಬೆಚ್ಚಗಿರುತ್ತದೆ, ಸ್ಕ್ರೂಡ್ರೈವರಿನ ಹಿಡಿಯಿಂದ ತಟ್ಟಿದರೆ ಬಿಟ್ಟುಕೊಳ್ಳುತ್ತದೆ. ಹಾಗೆ ಬಿಟ್ಟುಕೊಂಡದ್ದು ಮತ್ತೆ ಅಂಟುವುದು ಖಚಿತ, ಬದಲಿಸಿಬಿಡಿ.

ಏರ್‌ಬ್ಯಾಗ್ ಇರುವ ಗಾಡಿಯಲ್ಲಿ ಹಳದಿ ಕವಚದ ತಂತಿ, ಕನೆಕ್ಟರುಗಳಿಗೆ ಟೆಸ್ಟ್ ಲ್ಯಾಂಪ್ ಚುಚ್ಚುವಂತಿಲ್ಲ. ಎಂಜಿನ್ ಕಂಪ್ಯೂಟರಿನ ತಂತಿಗಳಿಗೂ ಮೀಟರ್ ಮಾತ್ರ ಬಳಸಬೇಕು. ಸುಟ್ಟ ವಾಸನೆ ಬಂದು ಹೊಗೆ ಕಂಡರೆ ಫ್ಯೂಸ್ ಹುಡುಕುತ್ತ ಕೂರದೆ ಮೊದಲು ಬ್ಯಾಟರಿಯ ಮೈನಸ್ ಬಿಚ್ಚಬೇಕು. ಮೈನಸ್ಸೇ ಏಕೆಂದರೆ, ಅದನ್ನು ಬಿಚ್ಚುವಾಗ ಸ್ಪ್ಯಾನರ್ ಬಾಡಿಗೆ ತಾಗಿದರೂ ಕಿಡಿ ಹಾರುವುದಿಲ್ಲ. ಅದಕ್ಕೆ ಬೇಕಾದ 10 ನಂಬರ್ ಸ್ಪ್ಯಾನರ್ ಸೀಟಿನಡಿಯ ಚೀಲದ ತಳದಲ್ಲಿರದೆ, ಕೈಗೆ ಸಿಗುವಲ್ಲಿ, ಬಿಡಿ ಫ್ಯೂಸುಗಳ ಜೊತೆಗೇ ಇರಲಿ.